ಹತ್ತು ಮನೆ, ಒಂದು ಭರಣಿ

ನಮ್ಮ ಕುಟುಂಬದ ವಾಟ್ಸಾಪ್ ಗುಂಪಿಗೆ ನಾನು ಅಡ್ಮಿನ್. ಕೇಳಿ ಪಡೆದದ್ದಲ್ಲ. ಗುಂಪು ಶುರು ಮಾಡಿದ್ದು ಗಿರಿ. ಅವನು ಡಲ್ಲಾಸ್‌ಗೆ ಹೋಗುವಾಗ ಈ ಕೆಲಸವನ್ನು ನನ್ನ ಕೊರಳಿಗೆ ಕಟ್ಟಿ ಹೋದ. ಒಟ್ಟು 34 ಜನ ಇದ್ದೇವೆ. ದಿನಾ ಬೆಳಿಗ್ಗೆ ಗುಲಾಬಿ ಹೂವು, ಏಕಾದಶಿಗೆ ವಿಷ್ಣು, ತಿಂಗಳಿಗೊಂದು ಜಗಳ.

ಕಳೆದ ಭಾನುವಾರದ ಜಗಳ ಚೀನಾದಿಂದ ಬಂತು.

ಬೆಳಿಗ್ಗೆ 6:40ಕ್ಕೆ ಶ್ರೀಕಂಠ ದೊಡ್ಡಪ್ಪ ಒಂದು ಫಾರ್ವರ್ಡ್ ಹಾಕಿದರು. "ಚೀನಾದಲ್ಲಿ 2000 ವರ್ಷದಿಂದ ಒಂದೇ ಕಾನೂನು!! ಒಂದು ಮನೆ ತಪ್ಪು ಮಾಡಿದರೆ ಹತ್ತು ಮನೆಗೆ ಶಿಕ್ಷೆ. ಈಗ ಪ್ರತಿಯೊಬ್ಬನಿಗೂ ಸರ್ಕಾರವೇ ಅಂಕ ಕೊಡುತ್ತದೆ. ಅಂಕ ಇಳಿದರೆ ರೈಲು ಟಿಕೆಟ್ ಸಿಗಲ್ಲ. ಅದಕ್ಕೇ ಅಲ್ಲಿ ಕಳ್ಳತನ ಇಲ್ಲ. ನಮ್ಮಲ್ಲಿ ಯಾವಾಗ? ಹತ್ತು ಗುಂಪಿಗೆ ಕಳಿಸಿ."

ಇದರ ಹಿನ್ನೆಲೆ ನಮಗೆಲ್ಲ ಗೊತ್ತು. ಹಿಂದಿನ ವಾರ ದೇವಸ್ಥಾನದ ಬಾಗಿಲಲ್ಲಿ ಅವರ ಹೊಸ ಚಪ್ಪಲಿ ಕಳುವಾಗಿತ್ತು.

ಐದು ಜನ ಹೆಬ್ಬೆರಳು ಎತ್ತಿದರು. ಇಬ್ಬರು ಕೈ ಮುಗಿದರು. ಒಬ್ಬರೂ ಪೂರ್ತಿ ಓದಿರಲಿಕ್ಕಿಲ್ಲ. ಒಬ್ಬರಂತೂ "ತುಂಬಾ ಚಂದ ಇದೆ, ಹುಟ್ಟುಹಬ್ಬದ ಶುಭಾಶಯ" ಎಂದು ಬರೆದಿದ್ದರು.

7:15ಕ್ಕೆ ರಶ್ಮಿ ಬಂದಳು. ಒಂದೇ ಪದ: "ಆಧಾರ?"

ರಶ್ಮಿ ಕಾನೂನು ಕಾಲೇಜಿನಲ್ಲಿ ಪಾಠ ಮಾಡುತ್ತಾಳೆ. ಯಾವ ಫಾರ್ವರ್ಡ್ ಬಂದರೂ ಆಧಾರ ಕೇಳಿ ಕೇಳಿ, ಮನೆಯಲ್ಲಿ ಅವಳಿಗೆ ಆಧಾರ್ ಕಾರ್ಡ್ ಎಂದೇ ಹೆಸರು ಬಿದ್ದಿದೆ.

"ಎಲ್ಲದಕ್ಕೂ ಆಧಾರ ಕೇಳಬಾರದು ಪುಟ್ಟಿ," ಎಂದರು ದೊಡ್ಡಪ್ಪ. "ಹೆದರಿಕೆ ಇದ್ದಲ್ಲಿ ಮಾತ್ರ ಶಿಸ್ತು ಇರುತ್ತದೆ. ಇದಕ್ಕೆ ಯಾವ ಆಧಾರ ಬೇಕು?"

"ಶಿಸ್ತಿನ ಮಾತು ಆಮೇಲೆ ದೊಡ್ಡಪ್ಪ. ಮೊದಲು ಈ ಹತ್ತು ಮನೆಯ ಕಥೆ ಕೇಳಿ. ಅದು ಸುಳ್ಳಲ್ಲ."

ಆಮೇಲೆ ಮೂರು ನಿಮಿಷ 'ಟೈಪ್ ಮಾಡುತ್ತಿದ್ದಾರೆ' ಎಂದು ತೋರಿಸುತ್ತಲೇ ಇತ್ತು. ನಾನು ಕಾಫಿ ಮಾಡಿಕೊಂಡು ಬಂದೆ.

ಅವಳು ಬರೆದಿದ್ದು ಹೀಗೆ. ಕ್ರಿ.ಪೂ. ನಾಲ್ಕನೇ ಶತಮಾನದಲ್ಲಿ ಚೀನಾ ಒಂದೇ ದೇಶ ಆಗಿರಲಿಲ್ಲ, ಹಲವು ರಾಜ್ಯಗಳಿದ್ದವು. ಅದರಲ್ಲಿ ಚಿನ್ ಒಂದು. ಅಲ್ಲಿ ಶಾಂಗ್ ಯಾಂಗ್ ಎಂಬ ಮಂತ್ರಿ ಇದ್ದ. ಐದೈದು, ಹತ್ತತ್ತು ಮನೆಗಳನ್ನು ಗುಂಪು ಮಾಡಿದ. ಗುಂಪಿನಲ್ಲಿ ಒಬ್ಬ ತಪ್ಪು ಮಾಡಿದ್ದು ಗೊತ್ತಿದ್ದೂ ದೂರು ಕೊಡದೆ ಇದ್ದರೆ ಸೊಂಟದಲ್ಲಿ ಎರಡು ತುಂಡು. ದೂರು ಕೊಟ್ಟರೆ ಯುದ್ಧದಲ್ಲಿ ಶತ್ರುವಿನ ತಲೆ ತಂದಷ್ಟೇ ಬಹುಮಾನ. ಆಮೇಲೆ ಅವನನ್ನು ಬೆಂಬಲಿಸುತ್ತಿದ್ದ ದೊರೆ ಸತ್ತ. ಹೊಸ ದೊರೆ ಪಟ್ಟಕ್ಕೆ ಬಂದ. ಅವನು ಯುವರಾಜನಾಗಿದ್ದಾಗ ಕಾನೂನು ಮುರಿದದ್ದಕ್ಕೆ ಶಾಂಗ್ ಯಾಂಗ್ ಅವನ ಗುರುಗಳಿಗೆ ಶಿಕ್ಷೆ ಕೊಡಿಸಿದ್ದ. ಆ ಗುರುಗಳಲ್ಲಿ ಒಬ್ಬನಿಗೆ ಆಮೇಲೆ ಮೂಗೂ ಹೋಯಿತು. ಈಗ ಮಂತ್ರಿಯೇ ಓಡಬೇಕಾಯಿತು. ಗಡಿಯ ಹತ್ತಿರ ಒಂದು ಛತ್ರದಲ್ಲಿ ರಾತ್ರಿಗೆ ಜಾಗ ಕೇಳಿದ. ಛತ್ರದವನಿಗೆ ಇವನು ಯಾರೆಂದು ಗೊತ್ತಿಲ್ಲ. ಗುರುತಿನ ಚೀಟಿ ಇಲ್ಲದವರನ್ನು ಇಟ್ಟುಕೊಂಡರೆ ನನಗೇ ಶಿಕ್ಷೆ, ಶಾಂಗ್ ಯಾಂಗ್ ಸಾಹೇಬರ ಕಾನೂನು ಹಾಗಿದೆ ಎಂದ. ಕೊನೆಗೆ ಕ್ರಿ.ಪೂ. 338ರಲ್ಲಿ ಮಂತ್ರಿ ಸತ್ತ. ಅವನ ದೇಹವನ್ನು ರಥಗಳಿಗೆ ಕಟ್ಟಿ ಹರಿದರು.

ನಾನು ಇದನ್ನು ಎರಡು ಸಲ ಓದಿದೆ. ಗುಂಪಿನಲ್ಲಿ ಬಂದದ್ದನ್ನು ಎರಡು ಸಲ ಓದಿದ್ದು ಇದೇ ಮೊದಲು.

ಮಂಜಣ್ಣ ಮಾತ್ರ 'ಹತ್ತು ಮನೆಗೆ ಶಿಕ್ಷೆ' ಎನ್ನುವಲ್ಲೇ ನಿಂತಿದ್ದ.

"ಅಯ್ಯೋ, ಇದು ನಮ್ಮ ಅಜ್ಜನ ಕಾನೂನು! 1986ರ ಬೇಸಿಗೆ ರಜೆ ನೆನಪಿದೆಯಾ? ತೀರ್ಥಹಳ್ಳಿ ಮನೆ. ಅಪ್ಪೆಮಿಡಿ ಭರಣಿ ಒಡೆದಿತ್ತು. ಯಾರು ಒಡೆದದ್ದು ಹೇಳಿ ಅಂತ ಅಜ್ಜ ಆರೂ ಮಕ್ಕಳನ್ನು ಜಗಲಿಯಲ್ಲಿ ಸಾಲಾಗಿ ನಿಲ್ಲಿಸಿದರು. ಯಾರೂ ಬಾಯಿ ಬಿಡಲಿಲ್ಲ. ಆರು ಜನಕ್ಕೂ ನಾಗರಬೆತ್ತ!"

ಅಲ್ಲಿಗೆ ಚೀನಾ ಮುಗಿಯಿತು. ಮುಂದಿನ ನಲವತ್ತು ಮೆಸೇಜು ಆ ಮನೆಯ ಮೇಲೆ. ಹಿತ್ತಲ ಬಚ್ಚಲು, ಹಂಡೆಯ ಬಿಸಿನೀರು, ಹಲಸಿನ ಹಣ್ಣಿನ ಕಡುಬು, ತುಂಗಾ ಹೊಳೆ, ಒದೆಯುತ್ತಿದ್ದ ಗೌರಿ ಎಂಬ ಹಸು.

"ಯಾರೂ ಬಾಯಿ ಬಿಡಲಿಲ್ಲವಾ?" ಡಲ್ಲಾಸ್‌ನಿಂದ ಗಿರಿ ಎದ್ದು ಕೂತ. ಅಲ್ಲಿ ಆಗ ಶನಿವಾರ ರಾತ್ರಿ. "ನಾನೇ ಒಡೆದದ್ದು ಅಂತ ನೀನು ಅಜ್ಜನಿಗೆ ಹೇಳಿದೆ ಮಂಜಾ. ನನಗೆ ಎರಡು ಏಟು ಜಾಸ್ತಿ ಬಿತ್ತು."

"ನಾನಲ್ಲ. ಅದು ರಶ್ಮಿ."

"ನನಗೆ ಆಗ ನಾಲ್ಕು ವರ್ಷ!"

ದೊಡ್ಡಪ್ಪ ಮತ್ತೆ ಬಂದರು. "ನೋಡಿ, ಆ ಬೆತ್ತದಿಂದಲೇ ನೀವೆಲ್ಲ ಮನುಷ್ಯರಾದಿರಿ. ಚೀನಾದವರು ಇದನ್ನು 2000 ವರ್ಷ ಬಿಡಲಿಲ್ಲ. ನಾವು ಬಿಟ್ಟೆವು."

"ಅವರೂ ಒಂದೇ ಸಮನೆ ಹಿಡಿದುಕೊಂಡಿರಲಿಲ್ಲ ದೊಡ್ಡಪ್ಪ," ಎಂದಳು ರಶ್ಮಿ. ಅವಳಿಗೆ ಈಗ ಹುರುಪು ಬಂದಿತ್ತು. ಚಿನ್ ರಾಜ್ಯ ಕ್ರಿ.ಪೂ. 221ರಲ್ಲಿ ಇಡೀ ಚೀನಾ ಗೆದ್ದು, ಹದಿನೈದೇ ವರ್ಷದಲ್ಲಿ ಬಿದ್ದುಹೋಯಿತು. ಅದರ ರಾಜಧಾನಿಗೆ ನುಗ್ಗಿದ ಲಿಯು ಬಾಂಗ್ ಊರಿನ ಹಿರಿಯರನ್ನು ಕರೆದು, ಇನ್ನು ಮೂರೇ ಮಾತು ಎಂದ: ಕೊಂದವನಿಗೆ ಸಾವು, ಗಾಯ ಮಾಡಿದವನಿಗೂ ಕದ್ದವನಿಗೂ ತಕ್ಕ ಶಿಕ್ಷೆ. ಉಳಿದ ಕಾನೂನು ರದ್ದು. ಅವನೇ ಹಾನ್ ವಂಶದ ಮೊದಲ ಚಕ್ರವರ್ತಿ.

"ಮೂರೇ ಕಾನೂನಲ್ಲಿ ದೇಶ ನಡೆಯಿತಾ?" ಎಂದು ಕೇಳಿದೆ ನಾನು.

"ಇಲ್ಲ. ಹಳೆಯವೆಲ್ಲ ಒಂದೊಂದಾಗಿ ವಾಪಸ್ ಬಂದವು. ಆದರೆ ಜೊತೆಗೆ ಕನ್‌ಫ್ಯೂಷಿಯಸ್ ಎಂಬ ಹಳೆಯ ಗುರುವಿನ ಮಾತುಗಳೂ ಕಾನೂನಿನ ಒಳಗೆ ಬಂದವು. ಮಜಾ ಇರುವುದು ಅಲ್ಲೇ."

ಅವಳು ಹೇಳಿದ ಮಜಾ ಇದು. ನಮ್ಮ ಊರಿನಲ್ಲಿ ಒಬ್ಬ ನೇರ ಮನುಷ್ಯ ಇದ್ದಾನೆ, ಅಪ್ಪ ಕುರಿ ಕದ್ದಾಗ ಮಗನೇ ಸಾಕ್ಷಿ ಹೇಳಿದ ಎಂದು ಒಬ್ಬ ಅಧಿಕಾರಿ ಕನ್‌ಫ್ಯೂಷಿಯಸ್‌ನ ಮುಂದೆ ಹೊಗಳಿದನಂತೆ. ನಮ್ಮ ಕಡೆ ನೇರ ಎಂದರೆ ಬೇರೆ, ಅಪ್ಪ ಮಗನನ್ನು ಮುಚ್ಚಿಡುತ್ತಾನೆ, ಮಗ ಅಪ್ಪನನ್ನು ಮುಚ್ಚಿಡುತ್ತಾನೆ ಎಂದು ಅವನು ಉತ್ತರ ಕೊಟ್ಟ. ಕ್ರಿ.ಶ. 653ರ ತಾಂಗ್ ವಂಶದ ಕಾನೂನು ಸಂಹಿತೆಯಲ್ಲಿ ಇದು ಕಾನೂನೇ ಆಗಿತ್ತು. ರಾಜದ್ರೋಹದಂಥದ್ದು ಬಿಟ್ಟರೆ, ಮನೆಯವರ ತಪ್ಪನ್ನು ಮುಚ್ಚಿಡಬಹುದು. ಅಪ್ಪ ಅಮ್ಮನ ಮೇಲೆ ದೂರು ಕೊಟ್ಟ ಮಗನಿಗೆ, ದೂರು ನಿಜವಾಗಿದ್ದರೂ, ಕತ್ತು ಹಿಸುಕಿ ಸಾವು.

"ಹಾಗಾದರೆ ಪಕ್ಕದ ಮನೆಯವನ ಮೇಲೆ ಚಾಡಿ ಹೇಳಲೇಬೇಕು, ಮನೆಯವರ ಮೇಲೆ ಹೇಳಲೇಬಾರದು," ಎಂದ ಗಿರಿ. "ಮಂಜ ಎರಡನ್ನೂ ಉಲ್ಟಾ ಮಾಡಿದ್ದಾನೆ."

"ಗಿರಿ, 2019ರ ನಿನ್ನ ಗೃಹಪ್ರವೇಶದ ಬಗ್ಗೆ ನಾನೂ ಬಾಯಿ ಬಿಡಬಹುದು."

ನಾನು ಅಡ್ಮಿನ್ ಆಗಿ "ದಯವಿಟ್ಟು ವಿಷಯಕ್ಕೆ ಬನ್ನಿ" ಎಂದು ಹಾಕಿದೆ. ವಿಷಯ ಯಾವುದು ಎಂದು ನನಗೇ ಮರೆತುಹೋಗಿತ್ತು.

ದೊಡ್ಡಪ್ಪನಿಗೆ ಮರೆತಿರಲಿಲ್ಲ. "ಇದೆಲ್ಲ ನಮ್ಮಲ್ಲೇ ಮೊದಲು ಇತ್ತು. ಕೌಟಿಲ್ಯನ ಅರ್ಥಶಾಸ್ತ್ರ ಓದಿ. ಅದರ ತಾಳೆಗರಿ ಸಿಕ್ಕಿದ್ದೇ ನಮ್ಮ ಮೈಸೂರಿನಲ್ಲಿ, ಶಾಮಾಶಾಸ್ತ್ರಿಗಳಿಗೆ."

"ಅದು ಪಕ್ಕಾ ನಿಜ," ಎಂದಳು ರಶ್ಮಿ.

ಇತಿಹಾಸದಲ್ಲಿ ಮೊದಲ ಬಾರಿಗೆ ರಶ್ಮಿ ದೊಡ್ಡಪ್ಪನ ಮಾತು ಒಪ್ಪಿದ್ದಳು. ಗುಂಪು ಎರಡು ನಿಮಿಷ ಸ್ತಬ್ಧ.

"1905ರಲ್ಲಿ ಸಿಕ್ಕಿತು, 1909ರಲ್ಲಿ ಅಚ್ಚಾಯಿತು. ಅದರಲ್ಲಿ ಗೋಪ ಎಂಬ ಅಧಿಕಾರಿ ಇದ್ದಾನೆ. ಹತ್ತು, ಇಪ್ಪತ್ತು ಅಥವಾ ನಲವತ್ತು ಮನೆಗೆ ಒಬ್ಬ. ಮನೆಯಲ್ಲಿ ಎಷ್ಟು ಜನ, ಆದಾಯ ಎಷ್ಟು, ಖರ್ಚು ಎಷ್ಟು, ಎಲ್ಲ ಅವನ ಲೆಕ್ಕದಲ್ಲಿ. ನಿಮ್ಮ ಮನೆಗೆ ಯಾರು ಬಂದರು, ಯಾರು ಹೋದರು ಎಂದು ನೀವೇ ತಿಳಿಸಬೇಕು. ಅಂಥವನು ಇವತ್ತು ನಿಮ್ಮ ಮನೆ ಬಾಗಿಲಿಗೆ ಬಂದರೆ ಸುಮ್ನೆ ಇರುತ್ತೀರಾ ದೊಡ್ಡಪ್ಪ? ಮೊನ್ನೆ ಗೇಟಿನ ಸೆಕ್ಯುರಿಟಿ ಹುಡುಗ ಎಲ್ಲಿಗೆ ಎಂದು ಕೇಳಿದ್ದಕ್ಕೇ ನೀವು ಜಗಳ ತೆಗೆದಿರಿ."

"ಅದು ಬೇರೆ."

ಅಂಕದ ವಿಷಯವನ್ನೂ ಅವಳು ಬಿಡಲಿಲ್ಲ. ಇಡೀ ಚೀನಾಕ್ಕೆ, ಎಲ್ಲರಿಗೂ ಒಂದೇ ಸರ್ಕಾರಿ ಅಂಕ ಎನ್ನುವುದು ಇಲ್ಲ. ರೊಂಗ್‌ಚೆಂಗ್‌ನಂಥ ಕೆಲವು ಊರುಗಳು 1000 ಅಂಕ ಕೊಟ್ಟು ಪ್ರಯೋಗ ಮಾಡಿದವು. ರೈಲಿನ ಮಾತು ಬಂದದ್ದು ಕೋರ್ಟಿನ ಪಟ್ಟಿಯಿಂದ. ತೀರ್ಪು ಬಂದು, ಕೈಯಲ್ಲಿ ಹಣ ಇದ್ದೂ ಸಾಲ ತೀರಿಸದವರ ಹೆಸರು ಅದರಲ್ಲಿ ಸೇರುತ್ತದೆ. ಅವರಿಗೆ ವಿಮಾನದ, ವೇಗದ ರೈಲಿನ ಟಿಕೆಟ್ ಇಲ್ಲ. ಹತ್ತು ಮನೆಯ ಲೆಕ್ಕ ಮಾತ್ರ ಬಹಳ ದಿನ ಬದುಕಿತು. 1070ರಲ್ಲಿ ವಾಂಗ್ ಆನ್‌ಶೀ ಎಂಬ ಮಂತ್ರಿ ಬಾವೊಜಿಯಾ ಎಂಬ ಹೆಸರಿನಲ್ಲಿ ತಂದ. ಚೀನಾದ ಕೊನೆಯ ರಾಜವಂಶವಾದ ಚಿಂಗ್ ದೊರೆಗಳ ಕಾಲದಲ್ಲಿ ಮನೆ ಬಾಗಿಲಿಗೇ ಒಳಗಿರುವವರ ಹೆಸರಿನ ಪಟ್ಟಿ ಹಾಕುತ್ತಿದ್ದರು. ಒಬ್ಬನ ಅಪರಾಧಕ್ಕೆ ಬಂಧುಗಳನ್ನೆಲ್ಲ ಶಿಕ್ಷಿಸುವ ಕಾನೂನು ರದ್ದಾದದ್ದು 1905ರಲ್ಲಿ.

ಇದನ್ನು ಯಾರೂ ಓದಲಿಲ್ಲ ಎಂದು ನನ್ನ ಅನುಮಾನ. ಯಾಕೆಂದರೆ ಅದರ ಕೆಳಗೆ ಬಂದ ಮೊದಲ ಮೆಸೇಜು ಕಮಲತ್ತೆಯದು. ಅತ್ತೆ ಗುಂಪಿನಲ್ಲಿ ಮಾತಾಡುವುದೇ ಇಲ್ಲ. ವಾಯ್ಸ್ ಮೆಸೇಜು, 40 ಸೆಕೆಂಡಿನದು.

"ಗಿರೀ, ಮಂಜಾ, ಜಗಳ ಆಡಬೇಡಿರೋ. ಆ ಭರಣಿ ನೀವ್ಯಾರೂ ಒಡೆದದ್ದಲ್ಲ. ನಾಗಂದಿಗೆಯಿಂದ ಇಳಿಸುವಾಗ ಅಮ್ಮನ ಕೈ ಜಾರಿತು. ಚೂರು ಎತ್ತಿ ಹಿತ್ತಲಲ್ಲಿ ಹೂತವಳು ನಾನು. ಹೇಳಿದ್ದರೆ ಅಪ್ಪನ ಕೋಪ ಅಮ್ಮನ ಮೇಲೆ ತಿರುಗುತ್ತಿತ್ತು. ನಿಮಗಾದರೆ ಎರಡೇಟಿಗೆ ಮುಗಿಯುತ್ತಿತ್ತು. ಅವಳಿಗೆ ಹಾಗಲ್ಲ."

ತುಂಬಾ ಹೊತ್ತು ಯಾರೂ ಏನೂ ಬರೆಯಲಿಲ್ಲ. ಆಮೇಲೆ ರಶ್ಮಿ, ಅಭ್ಯಾಸ ಬಲ, ಬರೆದೇಬಿಟ್ಟಳು: "ಆಧಾರ ಇದೆಯಾ ಅತ್ತೆ?"

ಫೋಟೋ ಬಂತು. ಕಂದು ಬಣ್ಣದ ಪಿಂಗಾಣಿ ಮುಚ್ಚಳ. ಅಂಚಿನಲ್ಲಿ ಚಕ್ಕೆ ಎದ್ದಿದೆ. ಅದರ ಕೆಳಗೆ ಅತ್ತೆಯ ಬೆಣ್ಣೆ ಪಾತ್ರೆ.

ದೊಡ್ಡಪ್ಪ ಎರಡು ಸಲ ಟೈಪ್ ಮಾಡಿ ಅಳಿಸಿದರು. ಮೂರನೇ ಸಲ ಬಂತು:

"ಕಮಲಾ, ಅಮ್ಮನ ವಿಷಯ ಹೀಗೆ ಗುಂಪಿನಲ್ಲಿ ಹೇಳಬಾರದು. ಅಡ್ಮಿನ್, ಆ ಫೋಟೋ ತೆಗಿ."

ನಾನಿನ್ನೂ ತೆಗೆದಿಲ್ಲ.