ಗುಪ್ತಚರ ನೌಕರಿ, ಆಮ್ಯಾಲ ಬರವಣಿಗೆ: ಕಲಬುರಗ್ಯಾಗ ಇದ್ದು ಹ್ಯಾಂಗ ತಯಾರಿ ಮಾಡ್ಬೇಕ್ರಿ?

ಪ್ರಶ್ನೆ:
ನಮಸ್ಕಾರ್ರಿ. ನಾ ಕಲಬುರಗಿದಾಕಿ, ರಾಜ್ಯಶಾಸ್ತ್ರದಾಗ ಎಂ.ಎ. ಓದ್ಲತ್ತೀನಿ. ಬಿ. ರಾಮನ್ ಅವರ ಹಳೇ ಲೇಖನ ಕೈಗೆ ಸಿಕ್ಕಾಗಿಂದ ಬ್ಯಾರೆ ಏನೂ ಓದಾಕ ಮನಸ್ಸಾಗವಲ್ದು. 1988ರಿಂದ 1994ರ ತನಕ ಹೊರದೇಶದ ಗುಪ್ತಚರ ಕೆಲಸ ಮಾಡೋ ನಮ್ಮ ಸಂಸ್ಥೆ ‘ರಾ’ದ ಭಯೋತ್ಪಾದನೆ ನಿಗ್ರಹ ವಿಭಾಗ ನೋಡಿಕೊಂಡವರು, ನಿವೃತ್ತಿ ಆದಮ್ಯಾಲ ಚೆನ್ನೈದಾಗ ಇದ್ದು 2013ರಾಗ ತೀರಿಕೊಳ್ಳೋ ತನಕ ಬರಕೋತನೇ ಇದ್ರು. ನನಗೂ ಅದೇ ದಾರಿ ಬೇಕು. ಮನ್ಯಾಗ ಪಿಎಸ್‌ಐ ಪರೀಕ್ಷೆ ಕಟ್ಟು ಅಂತಾರ. ದಿಲ್ಲಿ ಕೋಚಿಂಗಿಗೆ ರೊಕ್ಕ ಇಲ್ಲ. ಇಲ್ಲಿದ್ದೇ ಏನು ಮಾಡಬಹುದು?

ಉತ್ತರ 1:
ತಂಗಿ, ದೇಶದೊಳಗಿನ ಗುಪ್ತಚರ ಸಂಸ್ಥೆ ಐಬಿ ಅದಲ್ಲ, ಅದರ ಎಸಿಐಒ (ಸಹಾಯಕ ಗುಪ್ತಚರ ಅಧಿಕಾರಿ) ಪರೀಕ್ಷೆ ನೋಡು. ಯಾವುದೇ ಡಿಗ್ರಿ ನಡೀತದ, ಸಾಮಾನ್ಯ ವರ್ಗಕ್ಕ ವಯಸ್ಸು 18ರಿಂದ 27. ಎರಡನೇ ಹಂತದಾಗ ಪ್ರಬಂಧ ಬರೀಬೇಕಾಗ್ತದ. ಇದು ಕೇಂದ್ರದ ನೌಕರಿ, ನಮ್ಮ ಕಲ್ಯಾಣ ಕರ್ನಾಟಕದ ಮೀಸಲಾತಿಯ 371ಜೆ ಸರ್ಟಿಫಿಕೇಟ್ ಅಲ್ಲಿ ನಡೆಯಂಗಿಲ್ಲ. ರಾಮನ್ ಅವರು ಐಪಿಎಸ್‌ನಿಂದ ಬಂದವರು, 1961ರ ಬ್ಯಾಚ್.

ಉತ್ತರ 2:
ಅವ್ವಾ, ಪರೀಕ್ಷೆ ವಿಷಯ ಅವರು ಹೇಳ್ಯಾರ. ನಾ ಇಲ್ಲೇ ಪತ್ರಿಕೆ ಡೆಸ್ಕಿನ್ಯಾಗ ಕೆಲಸ ಮಾಡ್ದವ, ಬರವಣಿಗೆದು ಹೇಳ್ತೀನಿ. ರಾಮನ್ ಪೊಲೀಸ್ ಸೇವಾಕ್ಕ ಸೇರೋ ಮೊದಲು ಇಂಡಿಯನ್ ಎಕ್ಸ್‌ಪ್ರೆಸ್‌ನಾಗ ಪತ್ರಕರ್ತರಾಗಿದ್ರು. ಆ ಕೈ ಮುಂದೂ ಬಿಡ್ಲಿಲ್ಲ. ಪ್ಯಾರಾಕ್ಕೊಂದು ನಂಬರ್ ಹಾಕಿ, ಅಲಂಕಾರ ಇಲ್ಲದ ವಾಕ್ಯದಾಗ ಒಂದೊಂದೇ ಸಂಗತಿ ಇಡ್ತಿದ್ರು. ನೌಕರಿ ಬಿಟ್ಟಮ್ಯಾಲ ಸರಕಾರಿ ಫೈಲ್ ಯಾರೂ ಕೊಡಂಗಿಲ್ಲ ನೋಡು. ಎಲ್ಲಾರಿಗೂ ಸಿಗೋ ಸುದ್ದಿನೇ ಓದಿ, ಅದರಾಗ ಬ್ಯಾರೆಯವರಿಗೆ ಕಾಣದ್ದು ಕಾಣಬೇಕು.

ಅವರ ಬಗ್ಗೆ ನನಗಿರೋ ಗೌರವ ಮಾತ್ರ ಒಂದು ಲೇಖನದಿಂದ ಬಂದದ್ದು. 1993ರ ಮಾರ್ಚ್ 12ರ ಮುಂಬೈ ಸ್ಫೋಟದಾಗ 257 ಮಂದಿ ಸತ್ರು. ಮರುವರ್ಷ ಆ ಕೇಸಿನ ಆರೋಪಿ ಯಾಕೂಬ್ ಮೆಮನ್‌ನನ್ನ ಕಾಠ್ಮಂಡುದಿಂದ ತಂದ ಕಾರ್ಯಾಚರಣೆ ಸಂಯೋಜಿಸಿದವರು ಇವರೇ. 2007ರಾಗ ಗಲ್ಲು ಶಿಕ್ಷೆ ಆದಾಗ ಇವರೇ ಬರದ್ರು: ಸಂಚಿನಾಗ ಅವನ ಪಾಲು ಇತ್ತು ಖರೆ, ಆದ್ರ ತನಿಖೆಗೆ ಸಹಕಾರ ಕೊಟ್ಟಾನ, ಮನೆಯವರನ್ನ ಪಾಕಿಸ್ತಾನದಿಂದ ವಾಪಸ್ ಕರೆಸಾಕ ನೆರವಾಗ್ಯಾನ, ಗಲ್ಲು ಬ್ಯಾಡ ಅಂತ. ಬರದು ಪ್ರಕಟ ಮಾಡ್ಲಿಲ್ಲ. 2015ರ ಜುಲೈದಾಗ, ಗಲ್ಲಿಗೆ ವಾರ ಇದ್ದಾಗ, ರೆಡಿಫ್ ಸುದ್ದಿತಾಣ ಅದನ್ನ ಹೊರಗ ತಂತು. ಜುಲೈ 30ಕ್ಕ ನಾಗಪುರದಾಗ ಗಲ್ಲಾಯ್ತು. ಒಪ್ಪು, ಬಿಡು. ತಾನೇ ಹಿಡಿಸಿದವನ ಪರ ಇರೋ ಸತ್ಯಾನೂ ಮುಚ್ಚಿಡದೆ ಬರಿಯೋ ಎದಿ ಯಾವ ಕೋಚಿಂಗಿನ್ಯಾಗೂ ಸಿಗಂಗಿಲ್ಲ.

ಇನ್ನ ತಯಾರಿ. ದಿಲ್ಲಿ ಹುಡುಗರಿಗೆ ಇಲ್ಲದ್ದು ನಿನಗದ. ದರ್ಗಾ ರಸ್ತಾದಾಗ, ಸೂಪರ್ ಮಾರ್ಕೆಟ್ಟಿನ್ಯಾಗ ಹುಟ್ಟಿದಾಗಿಂದ ದಖನಿ ಕೇಳಿಯಲ್ಲ, ಉರ್ದು ಅರ್ಧ ಬಂದಂಗೇ. ಲಿಪಿ ಒಂದು ಕಲಿ. ಹೈದರಾಬಾದಿನ ಉರ್ದು ಪತ್ರಿಕೆ ‘ಸಿಯಾಸತ್’ ಓದು, ಆಮ್ಯಾಲ ಕರಾಚಿಯ ಉರ್ದು ಪತ್ರಿಕೆ ‘ಜಂಗ್’. ಒಂದೇ ಘಟನೆ ಪಾಕಿಸ್ತಾನದ ಪತ್ರಿಕೆ ‘ಡಾನ್’ನಾಗ ಇಂಗ್ಲಿಷಿನ್ಯಾಗ ಹ್ಯಾಂಗ ಬಂದದ, ‘ಜಂಗ್’ನಾಗ ಹ್ಯಾಂಗ ಬಂದದ ಎದುರುಬದುರು ಇಟ್ಟು ನೋಡು. ದಿನಾ ಒಂದು ಪುಟ ಕನ್ನಡದಾಗ ಬರಿ.

ಉತ್ತರ 3:
ಒಂದು ಮಾತು ಸೇರಿಸ್ತೀನ್ರಿ. 2021ರ ಮೇ 31ರಂದು ಪಿಂಚಣಿ ನಿಯಮ ಬಿಗಿ ಮಾಡ್ಯಾರ. ಗುಪ್ತಚರ ಸಂಸ್ಥೆದಿಂದ ನಿವೃತ್ತರಾದವರು ಆ ಕೆಲಸಕ್ಕ ಸಂಬಂಧಪಟ್ಟದ್ದು ಪ್ರಕಟಿಸಬೇಕಂದ್ರ ಸಂಸ್ಥೆ ಮುಖ್ಯಸ್ಥರ ಅನುಮತಿ ಮೊದಲೇ ಬೇಕು, ಮೀರಿದ್ರ ಪಿಂಚಣಿಗೇ ಕುತ್ತು. ರಾಮನ್ ಬರದಷ್ಟು ಸಲೀಸಾಗಿ ಇನ್ನ ಬರಿಯಾಕ ಆಗಂಗಿಲ್ಲ. ಬರವಣಿಗೆನೇ ಮುಖ್ಯ ಅನ್ನಿಸಿದ್ರ ಪತ್ರಕರ್ತೆ ಆಗೋದನ್ನೂ ವಿಚಾರ ಮಾಡಮ್ಮ.

ಪ್ರಶ್ನೆ ಕೇಳಿದವರು:
ಈ ನಿಯಮ ಗೊತ್ತೇ ಇರಲಿಲ್ರಿ. ಆದ್ರೂ ಐಬಿ ಪರೀಕ್ಷೆ ಬರೀತೀನಿ. ಕಾಕಾರೆ, ಉರ್ದು ಲಿಪಿ ನಮ್ಮ ಓಣಿ ಆಪಾ ಕಲಿಸ್ತೀನಿ ಅಂದಾರ, ಶುಕ್ರವಾರ ಬಿಟ್ಟು ದಿನಾ ಸಂಜಿಗೆ.