ಮೂಲ್ಕಿಯ ಬುಧಿ ಕುಂದರನ್: ಒಂದೇ ಸರಣಿಯಲ್ಲಿ 525 ರನ್ ಗಳಿಸಿದವರಿಗೆ 18 ಟೆಸ್ಟ್ ಮಾತ್ರವೇಕೆ?

ಪ್ರಶ್ನೆ:
2013ರಲ್ಲಿ ಧೋನಿ ಚೆನ್ನೈನಲ್ಲಿ ಆಸ್ಟ್ರೇಲಿಯಾ ವಿರುದ್ಧ 224 ರನ್ ಗಳಿಸಿದಾಗ, ಟೆಸ್ಟ್‌ನಲ್ಲಿ ಭಾರತೀಯ ವಿಕೆಟ್‌ಕೀಪರ್ ಒಬ್ಬರ ಅತ್ಯಧಿಕ ಮೊತ್ತವಾಗಿ ಅಲ್ಲಿಯವರೆಗೆ ಉಳಿದಿದ್ದದ್ದು ಬುಧಿ ಕುಂದರನ್ ಅವರ 192 ಎಂದು ಓದಿದೆ. ಅವರು ನಮ್ಮ ಮೂಲ್ಕಿಯಲ್ಲಿ ಹುಟ್ಟಿದವರೆಂಬುದು ಕರಾವಳಿಯವನಾದ ನನಗೇ ಆವರೆಗೆ ತಿಳಿದಿರಲಿಲ್ಲ. ಅಷ್ಟು ಚೆನ್ನಾಗಿ ಆಡಿದವರು ಕೇವಲ 18 ಟೆಸ್ಟ್‌ಗಳಿಗೆ ನಿಂತುಹೋದದ್ದೇಕೆ?

ಉತ್ತರ 1:
ಮುಖ್ಯ ಕಾರಣ ಫಾರೂಕ್ ಎಂಜಿನಿಯರ್. ಇಬ್ಬರೂ ವಿಕೆಟ್‌ಕೀಪರ್‌ಗಳು, ಇಬ್ಬರೂ ಹೊಡಿಬಡಿಯ ಆಟದವರು. ತಂಡದಲ್ಲಿದ್ದದ್ದು ಒಂದೇ ಸ್ಥಾನ. ಕುಂದರನ್ 1960ರ ಜನವರಿಯಲ್ಲಿ ಮುಂಬಯಿಯಲ್ಲಿ ಆಸ್ಟ್ರೇಲಿಯಾ ವಿರುದ್ಧ ಟೆಸ್ಟ್‌ಗೆ ಕಾಲಿಟ್ಟಾಗ ಒಂದು ರಣಜಿ ಪಂದ್ಯವನ್ನೂ ಆಡಿರಲಿಲ್ಲ. ಅನಂತರ ರೈಲ್ವೇಸ್ ಪರವಾಗಿ ಆಡಿದ ಮೊದಲ ರಣಜಿ ಪಂದ್ಯದಲ್ಲಿಯೇ ಜಮ್ಮು ಮತ್ತು ಕಾಶ್ಮೀರದ ವಿರುದ್ಧ 205 ಹೊಡೆದರು. ಆದರೂ ಅವರ ಸ್ಥಾನ ಎಂದೂ ಗಟ್ಟಿಯಾಗಲಿಲ್ಲ. 1964ರ ಜನವರಿಯಲ್ಲಿ ಇಂಗ್ಲೆಂಡ್ ವಿರುದ್ಧ ಮದರಾಸಿನಲ್ಲಿ ಆ 192 ಬಂದದ್ದೂ ಎಂಜಿನಿಯರ್ ಅಸ್ವಸ್ಥರಾಗಿ ಹೊರಗುಳಿದಿದ್ದರಿಂದ ದೊರೆತ ಅವಕಾಶದಲ್ಲಿ. ಮೊದಲ ದಿನದ ಕೊನೆಗೆ ಅವರು 170 ರನ್ ಗಳಿಸಿ ಔಟಾಗದೆ ಉಳಿದಿದ್ದರು. ದುರದೃಷ್ಟವೆಂದರೆ ಜನ ಆ ಪಂದ್ಯವನ್ನು ಇಂದಿಗೂ ನೆನೆಯುವುದು ಬೌಲರ್ ಬಾಪು ನಾಡಕರ್ಣಿಯವರ ಸತತ 21 ಮೇಡನ್ (ಒಂದೂ ರನ್ ಕೊಡದ) ಓವರ್‌ಗಳಿಗಾಗಿ!

ಉತ್ತರ 2:
ಮೇಲಿನ ಮಾತಿಗೆ ನನ್ನದೊಂದು ತಕರಾರಿದೆ. ಇಂಗ್ಲೆಂಡ್ ವಿರುದ್ಧದ ಆ ಸರಣಿಯಲ್ಲಿ ದೆಹಲಿಯ ಶತಕವೂ ಸೇರಿ ಅವರು ಗಳಿಸಿದ 525 ರನ್ ದೊಡ್ಡದೇ ಆದರೂ, ಐದಕ್ಕೆ ಐದೂ ಟೆಸ್ಟ್‌ಗಳು ಡ್ರಾ ಆದ ಸರಣಿಯಲ್ಲಿ ಪಿಚ್‌ಗಳು ಯಾರ ಪರವಾಗಿದ್ದವು ಎಂಬುದನ್ನೂ ನೋಡಬೇಕಲ್ಲವೇ? ಹಾಗೆಂದು ಮುಂದೆ ನಡೆದದ್ದು ಸರಿಯೆಂದು ನಾನು ಹೇಳಲಾರೆ. ಅದೇ ವರ್ಷ ಆಸ್ಟ್ರೇಲಿಯಾ ಬಂದಾಗ ಕೀಪಿಂಗ್ ಗ್ಲೌಸ್ ಸಿಕ್ಕಿದ್ದು ಇಂದ್ರಜಿತ್‌ಸಿಂಹಜಿಯವರಿಗೆ, ಅದರ ಮುಂದಿನ ವರ್ಷ ನ್ಯೂಜಿಲೆಂಡ್ ವಿರುದ್ಧ ಎಂಜಿನಿಯರ್‌ಗೆ. ಎಂಜಿನಿಯರ್‌ಗೆ ಸೋತರು ಎಂದರೆ ಒಪ್ಪಬಹುದಿತ್ತು. 525 ರನ್‌ಗಳ ಬೆನ್ನಲ್ಲೇ ಮೂರನೆಯವರೊಬ್ಬರಿಗೆ ಸ್ಥಾನ ಬಿಟ್ಟುಕೊಡಬೇಕಾಗಿ ಬಂದದ್ದಕ್ಕೆ ಆಟದೊಳಗಿನ ಕಾರಣ ನನಗಂತೂ ಕಾಣುವುದಿಲ್ಲ.

ಉತ್ತರ 3:
ಅವರ ಕೊನೆಯ ಟೆಸ್ಟ್ ಇನ್ನೂ ವಿಚಿತ್ರವಾದುದು. 1967ರಲ್ಲಿ ಇಂಗ್ಲೆಂಡಿನ ಎಜ್‌ಬಾಸ್ಟನ್‌ನಲ್ಲಿ ವೇಗದ ಬೌಲರ್‌ಗಳು ಗಾಯಗೊಂಡಿದ್ದರಿಂದ ಸ್ಪಿನ್ನರ್‌ಗಳಾದ ಬೇಡಿ, ಪ್ರಸನ್ನ, ಚಂದ್ರಶೇಖರ್, ವೆಂಕಟರಾಘವನ್ ನಾಲ್ವರೂ ಒಟ್ಟಿಗೆ ಆಡಿದರು. ಅವರು ಹಾಗೆ ಒಂದೇ ಟೆಸ್ಟ್‌ನಲ್ಲಿ ಕೂಡಿ ಆಡಿದ್ದು ಅದೊಂದೇ ಸಲ. ಹೊಸ ಚೆಂಡನ್ನು ಯಾರಾದರೂ ಎಸೆಯಲೇಬೇಕಿತ್ತು. ಮೈಸೂರು ರಾಜ್ಯ ತಂಡದ ಸುಬ್ರಹ್ಮಣ್ಯ ಅವರೊಡನೆ ಬೌಲಿಂಗ್ ಆರಂಭಿಸಿದವರು, ಬ್ಯಾಟಿಂಗ್‌ಗಾಗಿ ತಂಡದಲ್ಲಿದ್ದ, ಮೂಲತಃ ವಿಕೆಟ್‌ಕೀಪರ್ ಆದ ಕುಂದರನ್!

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಧನ್ಯವಾದಗಳು. ಅನಂತರ ಅವರು ಎಲ್ಲಿಗೆ ಹೋದರು?

ಉತ್ತರ 1:
1960ರ ದಶಕದ ಕೊನೆಯವರೆಗೆ ಮೈಸೂರು ತಂಡಕ್ಕೆ ರಣಜಿ ಆಡಿ, ಬಳಿಕ ಸ್ಕಾಟ್ಲೆಂಡಿನಲ್ಲಿ ನೆಲೆಸಿದರು. ಅಲ್ಲಿ ಡ್ರಂಪೆಲಿಯರ್ ಕ್ಲಬ್ಬಿಗೆ ಬಹುಕಾಲ ಆಡಿದ್ದಲ್ಲದೆ, 1980ರ ದಶಕದ ಆರಂಭದಲ್ಲಿ, ನಲವತ್ತು ದಾಟಿದ ಮೇಲೆ, ಸ್ಕಾಟ್ಲೆಂಡ್ ತಂಡವನ್ನೂ ಪ್ರತಿನಿಧಿಸಿದರು. 2006ರ ಜೂನ್‌ನಲ್ಲಿ ಗ್ಲಾಸ್ಗೋದಲ್ಲಿ ತೀರಿಕೊಂಡರು. ಹಳೆಯ ಸ್ಕೋರ್‌ಕಾರ್ಡ್‌ಗಳನ್ನು ಹುಡುಕುವುದಾದರೆ ‘ಕುಂದರಂ’ ಎಂಬ ಹೆಸರನ್ನೂ ನೋಡಿ. ‘ಕುಂದರನ್’ ಎಂದು ಅವರು ಬದಲಾಯಿಸಿಕೊಂಡದ್ದು ಆಮೇಲೆ.