ಎಲೆನ್ ಕಾಯುತ್ತಿದ್ದದ್ದು ಯಾರಿಗೆ?

ಪ್ರಶ್ನೆ:
ಜರ್ಮನ್ ನಿರ್ದೇಶಕ ಮುರ್ನಾವ್‌ನ ಮೂಕಿ ಸಿನಿಮಾ ‘ನೊಸ್ಫೆರಾಟು’ (1922) ನಿನ್ನೆ ಎರಡನೇ ಸಲ ನೋಡಿದೆ. ಮೊದಲ ಸಲ ಬರೀ ಆ ಉದ್ದುಗುರಿನ ರಕ್ತಪಿಶಾಚಿ ಓರ್ಲಾಕ್‌ನನ್ನು ನೋಡಿ ಹೆದರಿದ್ದಷ್ಟೇ. ಈ ಸಲ ಗಂಡ ಹೆಂಡತಿಯ ಮೇಲೆ ಕಣ್ಣು ಹೋಯಿತು. ಎಲೆನ್ ಸಮುದ್ರದ ದಂಡೆಯಲ್ಲಿ, ವಾಲಿದ ಶಿಲುಬೆಗಳ ನಡುವೆ ಒಬ್ಬಳೇ ಕೂತಿರುತ್ತಾಳೆ. ಗಂಡ ಹುಟ್ಟರ್‌ಗೆ ಕಾಯುತ್ತಿದ್ದಾಳೆ ಅಂತ ನಾವು ಅಂದುಕೊಳ್ಳುತ್ತೇವೆ. ಆದರೆ ಅವನು ಹೋಗಿದ್ದು ಕುದುರೆ ಹತ್ತಿ, ಬೆಟ್ಟದ ಕಡೆ, ಓರ್ಲಾಕ್‌ನ ಕೋಟೆಗೆ! ಹಡಗಿನಲ್ಲಿ ಬರುವವನು ಓರ್ಲಾಕ್. ಹಾಗಾದರೆ ಇವಳು ನೀರು ನೋಡುತ್ತಾ ಕೂತಿದ್ದು ಯಾರಿಗಾಗಿ?

ಉತ್ತರ 1:
ಜಾಸ್ತಿ ಯೋಚನೆ ಮಾಡಿದ್ದೀರಿ. ಕಡಲ ತೀರದ ಊರು, ಬೇಜಾರಾದರೆ ಇನ್ನೆಲ್ಲಿಗೆ ಹೋಗಬೇಕು? ಗಂಡನ ಕಾಗದ ಕೈಗೆ ಬರುವುದೂ ಅಲ್ಲೇ. ಓರ್ಲಾಕ್ ಕಚ್ಚಿದ್ದು ಗೊತ್ತಾಗದೆ, ಕುತ್ತಿಗೆಗೆ ಸೊಳ್ಳೆ ಕಚ್ಚಿದೆ ಅಂತ ಬರೆದಿರುತ್ತಾನೆ, ಪೆದ್ದ.

ಉತ್ತರ 2:
ಪೆದ್ದ ಅನ್ನುವುದರಲ್ಲೇ ಇದೆ ವಿಷಯ. ಶುರುವಿನ ದೃಶ್ಯ ನೆನಪಿದೆಯಾ? ಹುಟ್ಟರ್ ತೋಟದಿಂದ ಹೂ ಕಿತ್ತು ತರುತ್ತಾನೆ. ಮುಖದ ತುಂಬಾ ನಗು. ಅವಳು ಹೂವನ್ನು ಮಗುವಿನ ಹಾಗೆ ಸವರಿ, ಯಾಕೆ ಕೊಂದೆ ಇವನ್ನ ಅಂತ ಕೇಳುತ್ತಾಳೆ. ಅವನಿಗೆ ಏನು ಹೇಳಬೇಕೋ ತೋಚುವುದಿಲ್ಲ, ತಬ್ಬಿಕೊಳ್ಳುತ್ತಾನೆ. ಅಷ್ಟೇ. ನನ್ನ ಹೆಂಡತಿ ಪಕ್ಕದಲ್ಲಿ ಕೂತು ‘ಇವರಿಬ್ಬರಿಗೂ ಮಾತು ಹೊಂದಲ್ಲ’ ಅಂದಳು. ಆಗ ಸಿನಿಮಾ ಐದು ನಿಮಿಷವೂ ಓಡಿರಲಿಲ್ಲ.

ಇನ್ನೊಂದು. ಕೋಟೆಯಲ್ಲಿ ಓರ್ಲಾಕ್ ಹುಟ್ಟರ್ ಮೇಲೆ ಬಾಗಿದಾಗ, ಇತ್ತ ಎಲೆನ್ ನಿದ್ದೆಯಲ್ಲೇ ಎದ್ದು ಕೈ ಚಾಚಿ ಕೂಗುತ್ತಾಳೆ. ಮುಂದಿನ ಶಾಟ್‌ನಲ್ಲಿ ತಿರುಗಿ ನೋಡುವುದು ಗಂಡನಲ್ಲ, ಓರ್ಲಾಕ್. ಎಷ್ಟೋ ದೂರದಲ್ಲಿರುವ ಇಬ್ಬರು ಎದುರುಬದುರು ನಿಂತ ಹಾಗಿದೆ. ಬರೀ ಕತ್ತರಿ ಕೆಲಸ (ಎಡಿಟಿಂಗ್) ಅದು! ಗಂಡ ಹೆಂಡತಿಗೆ ಮಾತ್ರ ಇಂಥ ಒಂದು ನೋಟವೂ ಸಿಗಲಿಲ್ಲ.

ಉತ್ತರ 1:
ಸರಿ, ಆದರೆ ಕೊನೆಯಲ್ಲಿ ಬಟ್ಟೆ ಮೇಲೆ ‘ನಿನ್ನನ್ನು ಪ್ರೀತಿಸುತ್ತೇನೆ’ ಅಂತ ಕಸೂತಿ ಹಾಕುತ್ತಾಳಲ್ಲ?

ಉತ್ತರ 2:
ಹಾಕುತ್ತಾಳೆ. ಹೆಸರು ಹಾಕಿಲ್ಲ ನೋಡಿ. ಎದುರು ಮನೆ ಕಿಟಕಿಯಲ್ಲಿ ಓರ್ಲಾಕ್ ಇದ್ದಾನೆ. ಆದರೂ ಸಾಯುವಾಗ ಅವಳು ಗಂಡನ ತೋಳಲ್ಲೇ ಇರುತ್ತಾಳೆ, ಅದನ್ನೂ ಮರೆಯಬಾರದು. ನನಗನ್ನಿಸುವುದು, ಅವಳಿಗೆ ಹುಟ್ಟರ್ ಮೇಲೆ ಪ್ರೀತಿ ಇತ್ತು, ಅವಳನ್ನು ಅರ್ಥ ಮಾಡಿಕೊಂಡವನು ಮಾತ್ರ ಇನ್ನೊಬ್ಬ.

ಪ್ರಶ್ನೆ ಕೇಳಿದವರು:
ಇದು ಒಪ್ಪಿದೆ. ಒಂದು ಸಂಶಯ: ನಾನು ನೋಡಿದ್ದರಲ್ಲಿ ಓರ್ಲಾಕ್ ಹಾಡಹಗಲೇ ಶವಪೆಟ್ಟಿಗೆ ಹೊತ್ತು ಬೀದಿಯಲ್ಲಿ ನಡೆಯುತ್ತಾನೆ. ರಕ್ತಪಿಶಾಚಿ ಬಿಸಿಲಿಗೆ ಸಾಯಬೇಕಲ್ವಾ?

ಉತ್ತರ 2:
ನಿಮ್ಮದು ಬಣ್ಣ ಹೋದ ಪ್ರತಿ. ಹಗಲಲ್ಲೇ ಶೂಟ್ ಮಾಡಿ, ರಾತ್ರಿ ಅಂತ ತೋರಿಸಲು ರೀಲಿಗೆ ನೀಲಿ ಬಣ್ಣ ಕೊಡುತ್ತಿದ್ದರು. ನೀಲಿ ಇರುವ ಪ್ರತಿ ಹುಡುಕಿ ನೋಡಿ.